ತಡಮಾಡಿ ಕೊಡುವದು ಕೊಟ್ಟಂತಾಗುವದೋ?

ಒಬ್ಬನಿಗೆ ಸಲ್ಲತಕ್ಕ ಹಣವನ್ನು ಕಡೆಗೆ ಪೂರ್ತಿಯಾಗಿ ಕೊಟ್ಟುಬಿಟ್ಟರೆ, ನಡುವೆ ಮಾಡಿದ ತಡವು ದೋಷವೆನಿಸುವದೋ? ಇದು ಸಣ್ಣ ಪ್ರಶ್ನೆಯಂತೆ ತೋರಬಹುದು. ಆದರೆ ರಸ್ತೆಯ ಅಪಘಾತದಲ್ಲಿ ದುಡಿಯುವವನನ್ನು ಕಳಕೊಂಡ ಮನೆಗೆ ಸರಕಾರದ ಸಾರಿಗೆ ಸಂಸ್ಥೆಯು ಪರಿಹಾರ ಕೊಡಬೇಕಾಗಿರುವಾಗ ಈ ಪ್ರಶ್ನೆಯ ಭಾರವು ತಿಳಿದುಬರುವದು.

ನಮ್ಮ ದೇಶದ 1988ರ ಮೋಟಾರು ವಾಹನಗಳ ಕಾಯಿದೆಯ ಪ್ರಕಾರ, ನ್ಯಾಯಮಂಡಳಿಯು ಪರಿಹಾರವನ್ನು ಗೊತ್ತುಮಾಡಿದ 30 ದಿನಗಳೊಳಗೆ ಹಣವನ್ನು ಕಟ್ಟತಕ್ಕದ್ದು. ಸಾಮಾನ್ಯ ಮನುಷ್ಯನು ವಿಮೆಯಿಲ್ಲದೆ ವಾಹನವನ್ನು ರಸ್ತೆಗೆ ತರಕೂಡದು. ಸರಕಾರಿ ಸಾರಿಗೆ ಸಂಸ್ಥೆಗಾದರೋ, ಪರಿಹಾರಕ್ಕೋಸ್ಕರ ಒಂದು ನಿಧಿಯನ್ನು ಇಟ್ಟಲ್ಲಿ, ಈ ಕಟ್ಟಳೆಯಿಂದ ವಿನಾಯಿತಿ ಸಿಕ್ಕಬಹುದು. ಇದರ ಅರ್ಥವೇನು? ಇತರರಿಗೆ ಜಾಮೀನು ಬೇಕು, ಸರಕಾರಕ್ಕೆ ಅದರ ಮಾತೇ ಜಾಮೀನು ಎಂದಲ್ಲವೋ? ಹೀಗಿದ್ದರೂ, ಕೋರ್ಟಿನ ಅಮೀನನು ಬಂದು ಬಸ್ಸನ್ನು ಜಪ್ತಿಮಾಡುವ ವರೆಗೆ ಹಣ ಕಟ್ಟದೆ ಇರುವದು ಕರ್ನಾಟಕದಲ್ಲಿಯೂ ತಮಿಳುನಾಡಿನಲ್ಲಿಯೂ ಅನೇಕ ಸಾರಿ ನಡೆದದ್ದುಂಟು. ಬಸ್ಸು ಜಪ್ತಿಯಾದ ಮೇಲೆ ದೊರೆಯುವ ಹಣವು ಅದಕ್ಕೆ ಮುಂಚೆ ಎಲ್ಲಿತ್ತು?

ಸಾರ್ವಜನಿಕರ ಹಣವನ್ನು ಕಾಪಾಡುವದು ಕರ್ತವ್ಯವೆಂದು ಕೆಲವರು ಹೇಳಾರು. ನಿಜವೇ, ತೀರ್ಪು ತಪ್ಪೆಂದು ತೋರಿದರೆ ಮೇಲ್ಮನವಿಯ ದಾರಿಯೂ ಇದೆ. ಆದರೆ ತೀರ್ಪು ಸ್ಥಿರವಾದ ಮೇಲೆ ಆ ಹಣವು ಸಾರ್ವಜನಿಕರದಲ್ಲ, ವಿಧವೆಯದು. ಪರರ ಒಡವೆಯನ್ನು ಹಿಡಿದಿಡುವದಕ್ಕೆ ಕಾಪಾಡುವದೆಂದು ಹೆಸರಿಡಬಹುದೋ?

ಬಡ್ಡಿ ಸೇರಿಸಿ ಕೊಟ್ಟರೆ ನಷ್ಟವಿಲ್ಲವೆಂದು ಬೇರೆ ಕೆಲವರು ಹೇಳಾರು. 1988ರಲ್ಲಿ ದಿಲ್ಲಿಯ ಸಾರಿಗೆ ಸಂಸ್ಥೆಯ ಬಸ್ಸಿನ ಅಪಘಾತದಲ್ಲಿ ಒಬ್ಬ ಗೃಹಸ್ಥರು ತೀರಿಕೊಂಡರು. ಪ್ರಾಯಕ್ಕೆ ಬಾರದ ಮೂವರು ಮಕ್ಕಳು ಉಳಿದರು. ನ್ಯಾಯಮಂಡಳಿಯು 1993ರಲ್ಲಿಯೂ, ಹೈಕೋರ್ಟು 2007ರಲ್ಲಿಯೂ, ಸುಪ್ರೀಂ ಕೋರ್ಟು 2009ರಲ್ಲಿಯೂ ತೀರ್ಪು ಕೊಟ್ಟವು. ಇದು ವಿಚಾರಣೆಯಲ್ಲಾದ ತಡವೇ ಹೊರತು ಸಂಸ್ಥೆಯೊಂದರ ತಪ್ಪಲ್ಲ. ಆದರೂ ಕಾಲವು ಏನು ಮಾಡುತ್ತದೆಂಬದನ್ನು ಇದರಿಂದ ಕಲಿಯಬಹುದು. ಕಡೆಯ ತೀರ್ಪಿನ ದಿನ ಆ ಮೂವರಲ್ಲಿ ಒಬ್ಬರೂ ಮಕ್ಕಳಾಗಿ ಉಳಿದಿರಲಿಲ್ಲ. ಬಡ್ಡಿಯು ರೂಪಾಯಿಯನ್ನು ಬೆಳಿಸುವದು. ಪುಸ್ತಕವಿಲ್ಲದೆ ಕಳೆದ ಶಾಲೆಯ ವರುಷವನ್ನಾಗಲಿ, ಸಾಲಗಾರನಿಗೆ ಮಾರಿದ ಹೊಲವನ್ನಾಗಲಿ ಅದು ತಿರಿಗಿ ತಾರದು. ಆದದರಿಂದ ತಡವು ಮೊದಲನೆಯ ನಷ್ಟದ ಮೇಲೆ ಮಾಡಿದ ಎರಡನೆಯ ಅನ್ಯಾಯವೇ.

ಇಂಥ ಅನ್ಯಾಯವು ಯಾರ ಮನಸ್ಸನ್ನೂ ಚುಚ್ಚದಿರುವದು ಯಾಕೆ? ಸಾಲಮಾಡಿದ ಮನುಷ್ಯನು ಕೊಟ್ಟವನನ್ನು ಸಂತೆಯಲ್ಲಿ ಕಂಡರೆ ತಲೆ ತಗ್ಗಿಸುವನು. ಸಂಸ್ಥೆಗೆ ಮುಖವಿಲ್ಲ, ನಾಚಿಕೆಯೂ ಇಲ್ಲ. ಎಲ್ಲರ ಸಾಲವು ಯಾರ ಸಾಲವೂ ಅಲ್ಲವೆಂಬಂತಾಗುವದು. ಆದರೆ ಸಂಸ್ಥೆಯ ಮನಸ್ಸಾಕ್ಷಿಯು ಅದರ ನೌಕರರ ಮನಸ್ಸಾಕ್ಷಿಯಲ್ಲದೆ ಬೇರೆಯಲ್ಲ. ಕಾಗದವು ಯಾರ ಮೇಜಿನ ಮೇಲೆ ಬಿದ್ದದೋ, ಆ ದಿನ ಆ ಋಣವು ಅವನದೇ.

ಪ್ರಿಯ ವಾಚಕರೇ, ನಮ್ಮ ಮಕ್ಕಳಲ್ಲಿ ಅನೇಕರು ಇಂಥ ಕಚೇರಿಗಳಲ್ಲಿ ಕೆಲಸ ಮಾಡುವವರಾಗಿದ್ದಾರೆ. ಲಂಚ ಮುಟ್ಟಬೇಡವೆಂದು ಅವರಿಗೆ ಬುದ್ಧಿ ಹೇಳುತ್ತೇವೆ. ಇನ್ನೊಬ್ಬರ ಹಕ್ಕಿನ ಕಾಗದವನ್ನು ನಾಳೆಗೆ ಇಡಬೇಡವೆಂದೂ ಹೇಳೋಣ.