ಆಪದ್ಧರ್ಮದ ಎಲ್ಲೆ

ಪ್ರಳಯದ ನಂತರದ ಜಗತ್ತನ್ನು ಚಿತ್ರಿಸುವ ಭಯಾನಕ ವಿಡಿಯೋ ಗೇಮ್‌ಗಳು ಆಟಗಾರನಿಗೆ ಮೊದಲು ಕಲಿಸುವುದು ಶೌರ್ಯವನ್ನಲ್ಲ, ಜಿಪುಣತನವನ್ನು. 2013ರಲ್ಲಿ ಬಂದ ‘ದಿ ಲಾಸ್ಟ್ ಆಫ್ ಅಸ್’ ಆಟದಲ್ಲಿ ಅದೇ ಚಿಂದಿಬಟ್ಟೆ ಮತ್ತು ಮದ್ಯಸಾರದಿಂದ ಗಾಯಕ್ಕೆ ಪಟ್ಟಿಯನ್ನೂ ಮಾಡಬಹುದು, ಬೆಂಕಿಬಾಟಲಿಯನ್ನೂ ಮಾಡಬಹುದು. ಎರಡಕ್ಕೂ ಸಾಲುವಷ್ಟು ಸಾಮಗ್ರಿ ಸಿಗುವುದು ಅಪರೂಪವಾದ್ದರಿಂದ, ಗುಂಡು ಹಾರಿಸದೆ ಸದ್ದಿಲ್ಲದೆ ನುಸುಳಿ ಹೋಗುವುದೇ ಜಾಣ ತಂತ್ರವೆನಿಸುತ್ತದೆ. ಜೀವ ಉಳಿಸಿಕೊಳ್ಳಲು ಮಾಡಿದ್ದೆಲ್ಲವೂ ಸರಿಯೇ ಎಂಬ ಪ್ರಶ್ನೆ ಮಾತ್ರ ಆಟಕ್ಕಿಂತ ಬಹಳ ಹಳೆಯದು.

ಸಂಕಟಕಾಲದಲ್ಲಿ ಸಾಮಾನ್ಯ ನಿಯಮಗಳಿಗೆ ಸಿಗುವ ವಿನಾಯಿತಿಯನ್ನು ಶಾಸ್ತ್ರಗಳು ಆಪದ್ಧರ್ಮವೆಂದು ಕರೆಯುತ್ತವೆ. ಛಾಂದೋಗ್ಯ ಉಪನಿಷತ್ತಿನಲ್ಲಿ, ಬೆಳೆ ನಾಶವಾದ ಕುರುದೇಶದ ಉಷಸ್ತಿ ಚಾಕ್ರಾಯಣನು ಆನೆಗಾರನೊಬ್ಬನ ಎಂಜಲು ಕಾಳನ್ನು ಬೇಡಿ ತಿನ್ನುತ್ತಾನೆ, ಆದರೆ ಅವನ ಎಂಜಲು ನೀರನ್ನು ನಿರಾಕರಿಸುತ್ತಾನೆ. ಕಾಳಿಲ್ಲದಿದ್ದರೆ ಬದುಕುತ್ತಿರಲಿಲ್ಲ, ನೀರಾದರೋ ಬೇಕಾದಲ್ಲಿ ಸಿಗುತ್ತದೆ ಎಂಬುದು ಅವನ ಸಮಜಾಯಿಷಿ. ಎಂಜಲಿನ ಕಲ್ಪನೆಯನ್ನು ಇಂದಿನ ಓದುಗರು ಒಪ್ಪಬೇಕಿಲ್ಲ. ವಿನಾಯಿತಿ ಎಲ್ಲಿ ಮುಗಿಯುತ್ತದೆಂಬ ಅವನ ಎಚ್ಚರ ಮುಖ್ಯ.

ಆ ಎಚ್ಚರ ತಪ್ಪಿದ ಉದಾಹರಣೆ ಇತಿಹಾಸದಲ್ಲಿದೆ. ಬಳ್ಳಾರಿ, ಸಿರುಗುಪ್ಪ, ಕುರುಗೋಡುಗಳ ಸೀಮೆ ಮದ್ರಾಸ್ ಪ್ರಾಂತ್ಯದಲ್ಲಿದ್ದಾಗ, 1876–78ರ ಬರ ಬಳ್ಳಾರಿ ಜಿಲ್ಲೆಯನ್ನು ತೀವ್ರವಾಗಿ ಕಾಡಿತು. ಪರಿಹಾರ ಕಾಮಗಾರಿಯ ಕೂಲಿಯನ್ನು 1877ರಲ್ಲಿ ಬ್ರಿಟಿಷ್ ಅಧಿಕಾರಿ ರಿಚರ್ಡ್ ಟೆಂಪಲ್ ದಿನಕ್ಕೆ ಒಂದು ಪೌಂಡ್ ಧಾನ್ಯ, ಅಂದರೆ ಸುಮಾರು 450 ಗ್ರಾಂ, ಮತ್ತು ಚಿಲ್ಲರೆ ಕಾಸಿನ ಮಟ್ಟಕ್ಕೆ ಇಳಿಸಿದಾಗ, ಮದ್ರಾಸಿನ ಆರೋಗ್ಯಾಧಿಕಾರಿ ಕಾರ್ನಿಷ್ ಅದನ್ನು ವಿರೋಧಿಸಿದರು. ಈ ಕೂಲಿ ಕಡಿತವೂ ಮಿತವ್ಯಯದ ತಂತ್ರವೇ, ಆದರೆ ಹಸಿದವನು ತನಗಾಗಿ ಹೂಡಿದ್ದಲ್ಲ, ಉಂಡವನು ಹಸಿದವನ ಮೇಲೆ ಹೇರಿದ್ದು. ಅದೇ ಕಾಲದಲ್ಲಿ ಭಾರತದಿಂದ ಧಾನ್ಯ ಹಡಗೇರಿ ಹೊರದೇಶಗಳಿಗೆ ಹೋಗುತ್ತಲೇ ಇತ್ತಾದ್ದರಿಂದ, ಆ ಕಡಿತಕ್ಕೆ ಉಷಸ್ತಿಯ ವಿನಾಯಿತಿ ಒದಗುವುದಿಲ್ಲ.