ಬೆಳಕಿನ ಕಡಲು, ಹಿಂದಿರುಗಿದ ರಾಜ

ಬಹು ದೊಡ್ಡದೊಂದು ಕೈಗೆಟುಕುವಷ್ಟು ಹತ್ತಿರ ಬಂದಾಗ, ಹೊಣೆಗಾರಿಕೆಯ ಸಲುವಾಗಿ ಅದನ್ನು ಬಿಟ್ಟು ಹಿಂದಿರುಗಬೇಕೆ? ಇಂಥ ಪ್ರಶ್ನೆಗೆ ಶಾಸ್ತ್ರಗ್ರಂಥಗಳನ್ನು ತಿರುವಿಹಾಕುವುದು ವಾಡಿಕೆ. ನಾವು ಈ ಸಲ ಅದನ್ನು ಮಕ್ಕಳ ಪುಸ್ತಕವೊಂದರಿಂದ ಎತ್ತಿಕೊಂಡಿದ್ದೇವೆ.

ಸಿ. ಎಸ್. ಲೂಯಿಸ್ ಎಂಬ ಲೇಖಕರು 1952ರಲ್ಲಿ ಪ್ರಕಟಿಸಿದ ‘ದಿ ವಾಯೇಜ್ ಆಫ್ ದಿ ಡಾನ್ ಟ್ರೆಡರ್’ ಆ ಪುಸ್ತಕ. ನಾರ್ನಿಯಾ ಎಂಬ ಕಲ್ಪನೆಯ ರಾಜ್ಯದ ತರುಣ ರಾಜ ಕ್ಯಾಸ್ಪಿಯನ್, ಕಾಣೆಯಾದ ಏಳು ಮಂದಿ ಸರದಾರರನ್ನು ಹುಡುಕುತ್ತ ಮೂಡಣ ದಿಕ್ಕಿಗೆ ಹಡಗು ನಡೆಸುತ್ತಾನೆ. ಲೋಕದ ಅಂಚು ಸಮೀಪಿಸಿದಂತೆ ಸೂರ್ಯ ದೊಡ್ಡದಾಗುತ್ತಾನೆ, ಕಡಲೆಲ್ಲ ಬೆಳಕಾಗುತ್ತದೆ. ನೀರಿನಲ್ಲಿ ಉಪ್ಪಿಲ್ಲ, ಸಿಹಿ. ಅದನ್ನು ಕುಡಿದವರಿಗೆ ಊಟ ನಿದ್ದೆಗಳ ಹಂಗು ತಪ್ಪುತ್ತದೆ. ವಯಸ್ಸಾದ ನಾವಿಕರು ದಿನೇ ದಿನೇ ಎಳೆಯರಾಗುತ್ತಾರೆ. ಕಣ್ಣಿಗೂ ಅಷ್ಟು ಬೆಳಕನ್ನು ತಾಳುವ ಶಕ್ತಿ ಬರುತ್ತದೆ.

ವಿಜ್ಞಾನ ಓದಿದ ನಮ್ಮಂಥವರಿಗೆ ಇಲ್ಲಿ ನಿಜವಾದ ಬೆಳಗುವ ಕಡಲು ನೆನಪಾಗದಿರದು. 2019ರ ಆಗಸ್ಟಿನಲ್ಲಿ ಚೆನ್ನೈ ತೀರದಲ್ಲಿ, 2020ರ ಕೊನೆಯಲ್ಲಿ ನಮ್ಮ ಕರಾವಳಿಯಲ್ಲಿ ರಾತ್ರಿ ಅಲೆಗಳು ನೀಲಿಯಾಗಿ ಹೊಳೆದದ್ದನ್ನು ಅನೇಕರು ಕಂಡಿದ್ದಾರೆ. ನಾಕ್ಟಿಲ್ಯೂಕದಂಥ ಏಕಕೋಶ ಜೀವಿಗಳು ನೀರು ಕದಡಿದಾಗ ಹೊರಡಿಸುವ ತಣ್ಣನೆಯ ಬೆಳಕು ಅದು. ನೋಡಿ ಬೆರಗಾಗುತ್ತೇವೆ, ಬೆಳಗಾದರೆ ಕೆಲಸಕ್ಕೆ ಹೋಗುತ್ತೇವೆ. ಆ ಕಡಲು ನಮ್ಮಿಂದ ಏನನ್ನೂ ಕೇಳುವುದಿಲ್ಲ. ಲೂಯಿಸರ ಕಡಲು ಹಾಗಲ್ಲ. ಅದು ಬಾ ಎಂದು ಕರೆಯುತ್ತದೆ. ತೊಡಕು ಹುಟ್ಟುವುದು ಅಲ್ಲಿ.

ಲೋಕದ ಕೊನೆಯನ್ನು ಕಂಡೇ ತೀರುತ್ತೇನೆಂದು ರಾಜ ಹಟ ಹಿಡಿಯುತ್ತಾನೆ. ತಾನು ಬಾರದಿದ್ದರೆ ಬೇರೊಬ್ಬ ರಾಜನನ್ನು ಆರಿಸುವ ಏರ್ಪಾಟನ್ನೂ ಹೇಳತೊಡಗುತ್ತಾನೆ. ಸಂಗಡಿಗರು ಒಪ್ಪುವುದಿಲ್ಲ. ನಮ್ಮಲ್ಲೊಬ್ಬ ಹೀಗೆ ಮಾಡಿದ್ದರೆ ಅದಕ್ಕೆ ಓಡಿಹೋಗುವುದು ಎಂದು ಹೆಸರಾಗುತ್ತಿತ್ತಲ್ಲ ಎಂದು ನಾವಿಕನೊಬ್ಬ ಆಡಿಯೇಬಿಡುತ್ತಾನೆ. ಸಿಟ್ಟಿನಿಂದ ತನ್ನ ಕೋಣೆ ಸೇರಿದ ರಾಜ ಕೊನೆಗೆ ಕಣ್ಣೀರಿನೊಡನೆ ಹಿಂದಿರುಗಲು ಒಪ್ಪುತ್ತಾನೆ. ರೀಪಿಚೀಪ್ ಎಂಬ ಮಾತಾಡುವ ಇಲಿ ಮಾತ್ರ ಪುಟ್ಟ ಹರಿಗೋಲಿನಲ್ಲಿ ಕೊನೆಯವರೆಗೂ ಹೋಗುತ್ತದೆ.

ಇಲಿಗೆ ಸರಿಯಾದದ್ದು ರಾಜನಿಗೆ ಏಕೆ ತಪ್ಪು? ಅಷ್ಟೇ ಅಲ್ಲ, ಬಿಟ್ಟುಹೋದವರನ್ನು ಪೂಜಿಸುವ ನಾಡಿನವರು ನಾವು. ಶ್ರವಣಬೆಳಗೊಳದಲ್ಲಿ ಸುಮಾರು 58 ಅಡಿ ಎತ್ತರಕ್ಕೆ ನಿಂತಿರುವವನು ರಾಜ್ಯ ಬಿಟ್ಟು ನಡೆದ ಬಾಹುಬಲಿಯೇ ಅಲ್ಲವೆ? ಅವನು ಹಿರಿಯನಾದರೆ, ಕ್ಯಾಸ್ಪಿಯನ್ ಹೋಗಿದ್ದರೂ ಹಿರಿಯನೇ ಆಗಬೇಕಿತ್ತಲ್ಲ ಎಂದು ಕೇಳಬಹುದು.

ಇವೆರಡೂ ಒಂದೇ ಅಲ್ಲ ಎಂಬುದು ನಮ್ಮ ಅಭಿಪ್ರಾಯ. ಬಾಹುಬಲಿ ಗೆದ್ದದ್ದನ್ನು ಬಿಟ್ಟ. ಕ್ಯಾಸ್ಪಿಯನ್ ಬೇಕೆನಿಸಿದ್ದನ್ನು ಪಡೆಯಲು ಹೊರಟ. ಒಂದು ತ್ಯಾಗ, ಇನ್ನೊಂದು ಆಸೆ. ಆಸೆ ಕೆಟ್ಟದ್ದೆಂದು ನಾವು ಹೇಳುತ್ತಿಲ್ಲ. ಇಲಿಯದೂ ಆಸೆಯೇ, ತೊಟ್ಟಿಲಿನಲ್ಲಿ ಕೇಳಿದ ಪದ್ಯದಿಂದ ಮೊಳೆತದ್ದು. ಆದರೆ ಆಸೆಗೆ ತ್ಯಾಗದ ಅಂಗಿ ತೊಡಿಸಬಾರದು. ಎರಡನೆಯದಾಗಿ, ನಮ್ಮ ಕಚೇರಿಗಳ ಭಾಷೆಯಲ್ಲಿ ಹೇಳುವುದಾದರೆ, ಚಾರ್ಜ್ ವಹಿಸಿಕೊಟ್ಟಾಗಿದೆಯೆ ಎಂಬ ಪ್ರಶ್ನೆ. ಬಾಹುಬಲಿಯ ಹಿಂದೆ ರಾಜ್ಯವಾಳಲು ಅಣ್ಣ ಭರತನಿದ್ದ. ತಾನಿಲ್ಲದಿದ್ದರೆ ತನ್ನ ಕುಲದವರಿಗೆ ಮುಖ್ಯಸ್ಥ ಯಾರೆಂಬುದನ್ನು ಇಲಿ ಮುಂಚೆಯೇ ಹೇಳಿತ್ತು. ರಾಜನಾದರೋ ಹೊರಡುವ ಗಳಿಗೆಯಲ್ಲಿ, ಭಾರ ಹೊರಬೇಕಾದವರನ್ನು ಕೇಳದೆ, ಅದನ್ನು ಇಳಿಸಿಹೋಗಲು ನೋಡಿದ. ಕಾದಿದ್ದವರು ಒಪ್ಪಿರಲಿಲ್ಲ. ಆದ್ದರಿಂದ ಕಡಲು ಒಂದೇ ಆದರೂ ದಾರಿ ಎರಡಾಯಿತು.

ಊರು ಬಿಟ್ಟು ಬಂದು ಪರನಾಡಿನಲ್ಲಿ ನೆಲೆಸಿದ ನಮಗೆ ಈ ಕಥೆ ದೂರದ್ದಲ್ಲ. ನಮ್ಮ ತಂದೆತಾಯಿಗಳ ಪಾಲಿಗೆ ನಾವು ಹೊರಟುಹೋದವರು. ಅಮೆರಿಕಕ್ಕೋ ಆಸ್ಟ್ರೇಲಿಯಕ್ಕೋ ಹೊರಟ ನಮ್ಮ ಮಕ್ಕಳ ಪಾಲಿಗೆ ದಡದಲ್ಲಿ ನಿಂತವರು. ಬೆಳಕು ಕಂಡ ಕಡೆಗೆ ಹೋಗಬೇಡವೆಂದು ಅವರಿಗೆ ಹೇಳುವ ಅಧಿಕಾರ ನಮಗೆಲ್ಲಿದೆ? ಆದರೆ ಒಂದು ಮಾತು ಕೇಳಬಹುದು: ಅಜ್ಜಿಯ ಔಷಧಿ, ಊರಿನ ಮನೆ, ತಂಗಿಯ ಓದು, ಇವನ್ನು ಯಾರಿಗೆ ಒಪ್ಪಿಸಿ ಹೊರಟೆಯಪ್ಪಾ, ಅವರು ಒಪ್ಪಿದರೆ? ಇದೇ ಪ್ರಶ್ನೆಯನ್ನು ಊರಿನವರು ನಮಗೆ ಹಾಕಿದರೆ ನಾವೂ ಉತ್ತರ ಕೊಡಬೇಕು. ತಿಂಗಳಿಗೊಮ್ಮೆ ಹಣ ಕಳಿಸುವುದು ಉತ್ತರದ ಒಂದು ಭಾಗವಷ್ಟೆ.

ಹಿಂದಿರುಗಿದವನು ಸೋತವನು ಎಂದು ಮಾತ್ರ ತಿಳಿಯಬಾರದು. ಅತ್ತದ್ದು ಕ್ಯಾಸ್ಪಿಯನ್ನನ ದೌರ್ಬಲ್ಯವಲ್ಲ. ತಾನು ಬಿಡುತ್ತಿರುವುದರ ಬೆಲೆ ಅವನಿಗೆ ಗೊತ್ತಿತ್ತು ಎಂಬುದಕ್ಕೆ ಆ ಕಣ್ಣೀರು ಸಾಕ್ಷಿ. ನಗುನಗುತ್ತ ಕರ್ತವ್ಯ ಮಾಡುವವರನ್ನು ಮೆಚ್ಚೋಣ, ಅಳುತ್ತ ಮಾಡುವವರನ್ನು ಇನ್ನೂ ಒಂದು ಹಿಡಿ ಹೆಚ್ಚಾಗಿ ಮೆಚ್ಚೋಣ. ಆ ಸಿಹಿನೀರನ್ನು ರಾಜನೂ ಕುಡಿದಿದ್ದನಷ್ಟೆ! ಹಡಗು ತಿರುಗಿಸಿದ ಮಾತ್ರಕ್ಕೆ ಕುಡಿದದ್ದು ಇಲ್ಲವಾಗುವುದಿಲ್ಲ. ವೃದ್ಧರ ಆರೈಕೆಗೆಂದು ಬಡ್ತಿಯನ್ನು ಬಿಟ್ಟುಕೊಟ್ಟವರು, ತಮ್ಮಂದಿರ ಓದಿಗಾಗಿ ತಮ್ಮ ಓದು ನಿಲ್ಲಿಸಿದ ಅಕ್ಕಂದಿರು ನಮ್ಮ ಸಂಘದ ಮನೆಮನೆಯಲ್ಲೂ ಇದ್ದಾರೆ. ಅವರು ಬೆಳಕನ್ನು ಕಾಣದವರಲ್ಲ, ಕಂಡು ಹಿಂದಿರುಗಿದವರು. ಅವರನ್ನು ಒಮ್ಮೆಯಾದರೂ ಹತ್ತಿರ ಕೂರಿಸಿಕೊಂಡು, ತಾವು ಕಂಡ ಕಡಲು ಹೇಗಿತ್ತು ಎಂದು ಕೇಳುವುದು ಉಳಿದವರ ಕರ್ತವ್ಯ.