ದೇವರ ಚಿನ್ನ, ಊರಿನ ನಿಲ್ದಾಣ

ಶೊರನೂರಿನಿಂದ ಎರ್ನಾಕುಲಕ್ಕೆ 1902ರಲ್ಲಿ ರೈಲು ಬಂತು. ಆ ಹಳಿಗೆ ಹಣ ಹೊಂದಿಸಲು ಕೊಚ್ಚಿಯ ಅರಸ ರಾಮವರ್ಮರು ತೃಪ್ಪೂಣಿತ್ತುರದ ಪೂರ್ಣತ್ರಯೀಶ ದೇವಸ್ಥಾನದ 15 ಚಿನ್ನದ ನೆಟ್ಟಿಪಟ್ಟಗಳಲ್ಲಿ 14ನ್ನು ಮಾರಿದರು. ಆನೆಯ ಹಣೆಗೆ ಕಟ್ಟುವ ಒಡವೆ ಅದು. ದೇವರ ಸೊತ್ತಿಗೆ ಕೈಹಾಕುವುದು ಅಪಚಾರವಲ್ಲವೇ ಎಂಬ ಪ್ರಶ್ನೆ ಹಗುರವಾದದ್ದಲ್ಲ. ಭಕ್ತರು ಹರಕೆಯಾಗಿ ಕೊಟ್ಟದ್ದನ್ನು ಅರಸನೂ ತನ್ನದೆನ್ನಲಾರ. ಆದರೆ ಉತ್ಸವದ ದಿನ ದೇವರು ಗರ್ಭಗುಡಿ ಬಿಟ್ಟು ಆನೆಯೇರಿ ಹೊರಡುವುದು ಯಾಕೆ? ಬಾಗಿಲಿಗೆ ಬರಲಾಗದವರ ಬಳಿಗೆ ತಾನೇ ಹೋಗಲು ಎಂಬುದು ನಮ್ಮಲ್ಲಿ ಬೇರೂರಿದ ನಂಬಿಕೆ. ಆ ಹೊರಡುವಿಕೆಯನ್ನು ಸಿಂಗರಿಸುತ್ತಿದ್ದ ಚಿನ್ನ ಜನರ ದಾರಿಯಾಯಿತೆಂದರೆ, ಅದು ದೇವರ ಕೆಲಸವನ್ನೇ ಮುಂದುವರಿಸಿತು ಎಂದು ನಾನು ತಿಳಿಯುತ್ತೇನೆ.

ಹಾಗಾದರೆ ಇಂದು ತನ್ನ ಹಳ್ಳಿಯಲ್ಲಿ ರೈಲು ನಿಲ್ಲಬೇಕೆಂದು ಹಟ ಹಿಡಿದು ಅರ್ಜಿ ಬರೆಯುವ ವಿದ್ಯಾರ್ಥಿನಿ ಕೇಳುತ್ತಿರುವುದು ಉಪಕಾರವನ್ನಲ್ಲ, ಹಕ್ಕನ್ನು. ತಿರುವನಂತಪುರದ ಸೀಮೆಯಲ್ಲಿ ದಲಿತ ನಾಯಕ ಅಯ್ಯಂಕಾಳಿಯವರು 1893ರಲ್ಲಿ ದಲಿತರಿಗೆ ನಿಷಿದ್ಧವಾಗಿದ್ದ ರಸ್ತೆಯಲ್ಲಿ ಎತ್ತಿನ ಗಾಡಿ ಓಡಿಸಿದರು. ಮುಂದೆ ಪಂಚಮಿ ಎಂಬ ದಲಿತ ಬಾಲಕಿಯನ್ನು ಊರೂಟ್ಟಂಬಲದ ಶಾಲೆಗೆ ಕರೆದೊಯ್ದಾಗ ಶಾಲೆಗೇ ಬೆಂಕಿ ಬಿತ್ತು. ದಾರಿ ಮತ್ತು ವಿದ್ಯೆ ಒಂದೇ ಹಕ್ಕಿನ ಎರಡು ಮುಖಗಳೆಂದು ಅವರಷ್ಟು ಸ್ಪಷ್ಟವಾಗಿ ಕಂಡವರು ವಿರಳ. ಅದು ಜಾತಿಯ ಕ್ರೌರ್ಯ, ಇದು ಬರೀ ದೂರ, ಎರಡನ್ನೂ ಒಂದೇ ತಕ್ಕಡಿಗೆ ಹಾಕಬಾರದು ಎನ್ನಬಹುದು. ನಿಜ, ಇಲ್ಲಿ ಯಾರೂ ಬೇಕೆಂದು ತಡೆಯುವುದಿಲ್ಲ. ಆದರೂ ಕತ್ತಲಾದ ಮೇಲೆ ಮನೆ ಸೇರುವ ಮಗಳನ್ನು ಹೆತ್ತವರು ಕಾಲೇಜು ಬಿಡಿಸಿದರೆ ಅವಳ ಪಾಲಿಗೆ ಬಾಗಿಲು ಮುಚ್ಚಿದಂತೆಯೇ.

ಒಬ್ಬಳಿಗಾಗಿ ಸಾವಿರ ಜನರ ಹೊತ್ತನ್ನು ಹಾಳುಮಾಡುವುದು ಯಾವ ನ್ಯಾಯ ಎಂಬುದು ಗಟ್ಟಿಯಾದ ಆಕ್ಷೇಪ. ಪ್ರತಿ ನಿಲುಗಡೆಗೂ ಸಮಯ, ಇಂಧನ ಖರ್ಚಾಗುತ್ತದೆ. ದೂರದ ಎಕ್ಸ್‌ಪ್ರೆಸ್ಸುಗಳೆಲ್ಲ ಹಳ್ಳಿಹಳ್ಳಿಯಲ್ಲಿ ನಿಲ್ಲಬೇಕೆಂದು ನಾನೂ ಹೇಳಲಾರೆ. ಪ್ಯಾಸೆಂಜರ್ ರೈಲಿನ ಮಾತು ಬೇರೆ, ಅದು ಇರುವುದೇ ನಿಲ್ಲುವುದಕ್ಕೆ. ಜಪಾನಿನ ಹೊಕ್ಕೈಡೊದಲ್ಲಿ ಕ್ಯು-ಶಿರತಾಕಿ ಎಂಬ ಪುಟ್ಟ ನಿಲ್ದಾಣವನ್ನು ಮುಚ್ಚಿದ್ದು 2016ರ ಮಾರ್ಚಿನಲ್ಲಿ, ಅಲ್ಲಿಂದ ಓಡಾಡುತ್ತಿದ್ದ ಹೈಸ್ಕೂಲು ವಿದ್ಯಾರ್ಥಿನಿಯ ಓದು ಮುಗಿಯುವ ಹೊತ್ತಿಗೆ. ನಮ್ಮ ರೈಲ್ವೆಯೂ ಪ್ರಾಯೋಗಿಕ ನಿಲುಗಡೆ ಕೊಡುತ್ತದೆ, ಆಮೇಲೆ ಟಿಕೆಟ್ ಮಾರಾಟ ನೋಡಿ ಮುಂದುವರಿಸುವುದೋ ಬಿಡುವುದೋ ತೀರ್ಮಾನಿಸುತ್ತದೆ. ತೊಡಕಿರುವುದು ಈ ಲೆಕ್ಕದಲ್ಲಿ. ಮಂಜೇಶ್ವರ, ಕುಂಬಳೆಗಳಿಂದ ಮಂಗಳೂರಿಗೆ ಓದಲು ಹೋಗುವ ಮಕ್ಕಳ ಕೈಯಲ್ಲಿರುವುದು ಸೀಸನ್ ಪಾಸ್. ರಿಯಾಯಿತಿ ದರದ ಆ ಪಾಸು ಆದಾಯದ ಪಟ್ಟಿಯಲ್ಲಿ ಹೆಚ್ಚು ತೂಗುವುದಿಲ್ಲ. ಹಾಗಾಗಿ ಪ್ರಯೋಗ ಜೂನ್‌ನಲ್ಲಿ ಕಾಲೇಜಿನ ಜೊತೆಗೇ ಶುರುವಾಗಬೇಕು, ಒಂದು ಇಡೀ ಓದಿನ ವರ್ಷ ನಡೆಯಬೇಕು, ಎಣಿಸುವಾಗ ರೂಪಾಯಿಗಿಂತ ಮೊದಲು ಹತ್ತಿ ಇಳಿದವರ ತಲೆಗಳನ್ನು ಎಣಿಸಬೇಕು.